ಸತ್ತ ದುಂಬಿಗಳು ನಟಿಸಿದ ಸಿನಿಮಾ: 1912ರ ‘ಕ್ಯಾಮೆರಾದವನ ಸೇಡು’ ಕುರಿತು ಪದೇ ಪದೇ ಕೇಳುವ ಪ್ರಶ್ನೆಗಳು

ಮನೆಗೆ ಬಂದವರಿಗೆಲ್ಲ ನಾನು ಪ್ರಾಣಿಗಳ ಚಿತ್ರ ಎಂದು ಹೇಳಿ ಒಂದು ಹಳೆಯ ಮೂಕಿ ಚಿತ್ರವನ್ನು ತೋರಿಸುತ್ತೇನೆ. ಹನ್ನೆರಡು ಹದಿಮೂರು ನಿಮಿಷದ್ದು. ಕಾಫಿ ಮುಗಿಯುವಷ್ಟರಲ್ಲಿ ಚಿತ್ರವೂ ಮುಗಿಯುತ್ತದೆ, ಪ್ರಶ್ನೆಗಳು ಮಾತ್ರ ಮುಗಿಯುವುದಿಲ್ಲ. ಕೇಳುವವರು ಬೇರೆ ಬೇರೆ, ಪ್ರಶ್ನೆಗಳು ಹೆಚ್ಚುಕಡಿಮೆ ಅವೇ. ಹಾಗಾಗಿ ಉತ್ತರಗಳನ್ನು ಒಂದು ಕಡೆ ಬರೆದಿಟ್ಟಿದ್ದೇನೆ. ಕಥೆಯನ್ನು ಕೊನೆಯವರೆಗೂ ಹೇಳಿದ್ದೇನೆ ಎಂಬುದನ್ನು ಮೊದಲೇ ತಿಳಿಸುತ್ತೇನೆ. ಮೊದಲು ಚಿತ್ರ ನೋಡಬೇಕೆನ್ನುವವರು ನೋಡಿಕೊಂಡು ಬನ್ನಿ, ಈ ಬರಹ ಎಲ್ಲಿಗೂ ಓಡಿಹೋಗುವುದಿಲ್ಲ.

ಇದು ಯಾವ ಚಿತ್ರ? ಯಾರು ಮಾಡಿದ್ದು?

ರಷ್ಯನ್ ಭಾಷೆಯಲ್ಲಿ ಇದರ ಹೆಸರು ‘ಮೆಸ್ತ್ ಕಿನೆಮಾಟೊಗ್ರಾಫಿಚೆಸ್ಕೊಗೊ ಒಪೆರಾತೊರಾ’. ಸಿನಿಮಾ ಕ್ಯಾಮೆರಾ ಹಿಡಿದವನ ಸೇಡು ಎಂದರ್ಥ. ಮದುವೆ ಮನೆಯಲ್ಲಿ ‘ಕ್ಯಾಮೆರಾದವರು ಬಂದರೇ?’ ಎಂದು ಕೇಳುವ ನಮ್ಮ ರೂಢಿಯನ್ನು ನೆನೆದು ನಾನು ‘ಕ್ಯಾಮೆರಾದವನ ಸೇಡು’ ಎಂದು ಕರೆಯುತ್ತೇನೆ. ಮಾಸ್ಕೋದ ಅಲೆಕ್ಸಾಂದ್ರ್ ಖಾನ್ಝೊಂಕೋವ್ ಅವರ ಕಂಪನಿಗಾಗಿ 1912ರಲ್ಲಿ ಇದನ್ನು ಮಾಡಿಕೊಟ್ಟವರು ವ್ಲಾಡಿಸ್ಲಾವ್ ಸ್ಟಾರೆವಿಚ್. 1882ರಲ್ಲಿ ಮಾಸ್ಕೋದಲ್ಲಿ ಪೋಲಿಷ್ ಕುಟುಂಬವೊಂದರಲ್ಲಿ ಹುಟ್ಟಿದವರು. ತಾಯಿಯನ್ನು ಚಿಕ್ಕಂದಿನಲ್ಲೇ ಕಳೆದುಕೊಂಡು, ಇಂದಿನ ಲಿಥುವೇನಿಯಾದ ಕೌನಸ್ ಊರಿನಲ್ಲಿ ಅಜ್ಜ ಅಜ್ಜಿಯರ ಬಳಿ ಬೆಳೆದರು. ಆ ಊರಿನ ವಸ್ತುಸಂಗ್ರಹಾಲಯದ ನಂಟಿನಿಂದಲೇ ಅವರ ಕೈಗೆ ಕ್ಯಾಮೆರಾ ಬಂತು, ಕಣ್ಣಿಗೆ ಹುಳುಗಳು ಬಿದ್ದವು.

ಪ್ರಾಣಿಗಳ ಚಿತ್ರ ಎಂದಿರಿ. ಇದರಲ್ಲಿರುವುದು ಹುಳುಗಳಲ್ಲವೇ?

ಹುಳುಗಳೂ ಪ್ರಾಣಿಗಳೇ. ಜೀವಶಾಸ್ತ್ರದ ಲೆಕ್ಕದಲ್ಲಿ ಆನೆ ಯಾವ ಸಾಮ್ರಾಜ್ಯಕ್ಕೆ ಸೇರಿದೆಯೋ ಮಿಡತೆಯೂ ಅದೇ ಸಾಮ್ರಾಜ್ಯದ ಪ್ರಜೆ.

ಇದಕ್ಕಿಂತ ಕಷ್ಟದ ಪ್ರಶ್ನೆ, ನಾಯಕನನ್ನು ಕನ್ನಡದಲ್ಲಿ ಏನೆಂದು ಕರೆಯುವುದು ಎಂಬುದು. ನಿಘಂಟು ನೋಡಿದರೆ ಜೀರುಂಡೆ. ಆದರೆ ಮಲೆನಾಡಿನವರಿಗೆ ಜೀರುಂಡೆ ಎಂದರೆ ಮಳೆಗಾಲಕ್ಕೆ ಮುನ್ನ ಮರದ ಮೇಲೆ ಕುಳಿತು ಕಿವಿ ತೂತಾಗುವಂತೆ ಕಿರುಚುವ ಬೇರೆಯೇ ಹುಳು. ಅವರ ಮುಂದೆ ‘ಜೀರುಂಡೆ’ ಎಂದರೆ ಮೂಕಿ ಚಿತ್ರದಲ್ಲೂ ಸದ್ದು ಕೇಳಿಸೀತು. ಕೃಷಿ ಪುಸ್ತಕಗಳು ದುಂಬಿ ಎನ್ನುತ್ತವೆ, ನಾನೂ ಅದನ್ನೇ ಆರಿಸಿಕೊಂಡೆ. ಹೂವಿನಿಂದ ಹೂವಿಗೆ ಅಲೆಯುವ ರಸಿಕನಿಗೆ ನಮ್ಮ ಕವಿಗಳು ಕೊಟ್ಟ ಹೆಸರೂ ಅದೇ ಆದ್ದರಿಂದ, ಈ ಕಥೆಯ ಗಂಡನಿಗೆ ಅಳತೆ ಕೊಟ್ಟು ಹೊಲಿಸಿದ ಹಾಗಿದೆ.

ರಷ್ಯನ್ನರಿಗೂ ಇದೇ ಪಾಡು. ಇರುವೆ ದುಡಿಯುತ್ತಿದ್ದಾಗ ಹಾಡಿಕೊಂಡಿದ್ದ ಹುಳುವಿನ ನೀತಿಕಥೆ ಎಲ್ಲರಿಗೂ ಗೊತ್ತು. ಫ್ರೆಂಚಿನಲ್ಲಿ ಅದು ನಮ್ಮ ಮಲೆನಾಡಿನ ಜೀರುಂಡೆ. ರಷ್ಯಾದ ಕವಿ ಕ್ರಿಲೋವ್ ಅದನ್ನು ತನ್ನ ಭಾಷೆಗೆ ತಂದಾಗ ಬಳಸಿದ ಪದಕ್ಕೆ ಇಂದಿನ ರಷ್ಯನ್ನಿನಲ್ಲಿ ಏರೋಪ್ಲೇನ್ ಚಿಟ್ಟೆ ಎಂಬ ಅರ್ಥ. ಪಾಪ, ಏರೋಪ್ಲೇನ್ ಚಿಟ್ಟೆ ಯಾವತ್ತಾದರೂ ಹಾಡಿದ್ದುಂಟೇ? ಸ್ಟಾರೆವಿಚ್ ಆ ಕಥೆಯನ್ನೂ ಹುಳುಗಳಿಂದಲೇ ಚಿತ್ರ ಮಾಡಿದ್ದಾರೆ.

ಅವು ನಿಜವಾದ ಹುಳುಗಳೇ? ಬೊಂಬೆಗಳೇ?

ಎರಡೂ ಹೌದು. ನಿಜವಾದ ಹುಳುಗಳನ್ನೇ, ಸತ್ತ ಮೇಲೆ, ಬೊಂಬೆ ಮಾಡಿದ್ದು.

ಸ್ಟಾರೆವಿಚ್ ಆರಂಭದಲ್ಲಿ ಬೊಂಬೆಯಾಟಕ್ಕೆ ಹೊರಟವರೇ ಅಲ್ಲ. ಯುರೋಪಿನ ಕಾಡುಗಳಲ್ಲಿ ಒಂದು ಬಗೆಯ ದೊಡ್ಡ ದುಂಬಿಯಿದೆ. ಅದರ ಗಂಡಿಗೆ ಸಾರಂಗದ ಕೊಂಬಿನಂತೆ ಕವಲೊಡೆದ ದವಡೆಗಳು. ಹೆಣ್ಣಿಗಾಗಿ ಎರಡು ಗಂಡುಗಳು ಆ ದವಡೆ ಸಿಕ್ಕಿಸಿಕೊಂಡು ಕುಸ್ತಿ ಮಾಡುತ್ತವೆ. ಅದನ್ನು ಚಿತ್ರೀಕರಿಸಬೇಕು ಎಂಬುದು ಅವರ ಆಸೆ, ಶುದ್ಧ ಸಾಕ್ಷ್ಯಚಿತ್ರಕಾರನ ಆಸೆ. ಆದರೆ ಈ ದುಂಬಿಗಳ ಚಟುವಟಿಕೆ ಏನಿದ್ದರೂ ಮುಸ್ಸಂಜೆಯ ಮೇಲೆ. ಚಿತ್ರ ಮೂಡಬೇಕಾದರೆ ದೀಪ ಬೇಕು, ದೀಪ ಹಚ್ಚಿದರೆ ಪೈಲ್ವಾನರು ಮರಗಟ್ಟಿ ಕೂರುತ್ತಿದ್ದರು, ಕೆಲವು ಆ ಕಾವಿಗೆ ಸತ್ತೂ ಹೋದವು. ಆಗ ಅವರು ಸತ್ತ ದುಂಬಿಗಳ ಕಾಲು, ದವಡೆಗಳನ್ನು ಬಿಡಿಸಿ, ಸಣ್ಣ ತಂತಿ ಮತ್ತು ಅರಗಿನಿಂದ ಮತ್ತೆ ಕೂಡಿಸಿದರು. ಈಗ ಕಾಲನ್ನು ಬೇಕಾದ ಕಡೆ ಬಾಗಿಸಬಹುದು, ಬಾಗಿಸಿದಲ್ಲೇ ಅದು ನಿಲ್ಲುತ್ತದೆ. ಒಂದು ಕೂದಲೆಳೆಯಷ್ಟು ಕದಲಿಸುವುದು, ಒಂದು ಫ್ರೇಮ್, ಅಂದರೆ ಫಿಲ್ಮಿನ ಒಂದೇ ಒಂದು ಚಿತ್ರ, ಹಿಡಿಯುವುದು. ಮತ್ತೆ ಕದಲಿಸುವುದು, ಮತ್ತೆ ಹಿಡಿಯುವುದು. ಹೀಗೆ 1910ರಲ್ಲಿ ಆ ಕುಸ್ತಿಯ ಚಿತ್ರ ಸಿದ್ಧವಾಯಿತು. ಒಂದು ಜಗಳ ಆಡಿಸಲು ಬಂದ ಮೇಲೆ ಕಥೆ ಆಡಿಸಲು ಎಷ್ಟು ಹೊತ್ತು?

ಸತ್ತ ಹುಳು ಎಂದ ಕೂಡಲೇ ಕೆಲವರು ಮುಖ ಸಿಂಡರಿಸುತ್ತಾರೆ. ಅವರಿಗೆ ನಾನು ತೊಗಲುಬೊಂಬೆಯನ್ನು ನೆನಪಿಸುತ್ತೇನೆ. ಮೇಕೆಯ ಚರ್ಮವನ್ನು ಹದ ಮಾಡಿ, ತೂತು ಕೊರೆದು, ಬಣ್ಣ ಹಚ್ಚಿ, ದೀಪದ ಮುಂದೆ ಹಿಡಿದು ನಾವು ರಾವಣನನ್ನು ಗರ್ಜಿಸುವಂತೆ ಮಾಡಿದವರು.

ಸತ್ತ ಹುಳು ಕೊಳೆಯುವುದಿಲ್ಲವೇ?

ದುಂಬಿ ಈ ಕೆಲಸಕ್ಕೆ ಹೇಳಿ ಮಾಡಿಸಿದ ಪ್ರಾಣಿ. ನಮಗೆ ಮೂಳೆ ಒಳಗೆ, ಮಾಂಸ ಹೊರಗೆ. ದುಂಬಿಗೆ ತಲೆಕೆಳಗು, ಗಟ್ಟಿ ಕವಚವೇ ಅದರ ಅಸ್ಥಿಪಂಜರ. ಒಳಗಿನ ಮೃದುಭಾಗ ಒಣಗಿಹೋದರೂ ಹೊರಗಿನ ಆಕಾರ, ಹೊಳಪು, ಕೀಲುಗಳ ಜಾಗ ಎಲ್ಲವೂ ಹಾಗೇ ಉಳಿಯುತ್ತವೆ. ಕೃಷಿ ಕಾಲೇಜುಗಳ ಗಾಜಿನ ಪೆಟ್ಟಿಗೆಗಳಲ್ಲಿ ವರ್ಷಗಟ್ಟಲೆ ಸೂಜಿಗೆ ಸಿಕ್ಕಿಕೊಂಡು ನಿಂತ ದುಂಬಿಗಳನ್ನು ಕಂಡವರಿಗೆ ಇದು ಗೊತ್ತು. ತೆಂಗು ಬೆಳೆಯುವವರನ್ನು ಕೇಳಿ: ಸುಳಿ ಕೊರೆಯುವ ಕೊಂಬಿನ ದುಂಬಿಯನ್ನು ಕೊಕ್ಕೆಯಿಂದ ಎಳೆದು ಬಿಸಾಡಿದರೆ ತಿಂಗಳು ಕಳೆದರೂ ಅದು ಅಂಗಳದ ಮೂಲೆಯಲ್ಲಿ ಬದುಕಿದಂತೆಯೇ ಬಿದ್ದಿರುತ್ತದೆ. ಇಲಿಯನ್ನೋ ಓತಿಕ್ಯಾತವನ್ನೋ ಹೀಗೆ ಬಳಸಲು ಹೋಗಿದ್ದರೆ ಎರಡನೆಯ ದಿನವೇ ನಿರ್ದೇಶಕರು ಸ್ಟುಡಿಯೋ ಬಿಟ್ಟು ಓಡಬೇಕಾಗುತ್ತಿತ್ತು.

ಕಥೆ ಏನು?

ದುಂಬಿರಾಯನಿಗೆ ಮನೆಯಲ್ಲಿ ಹೆಂಡತಿಯಿದ್ದಾಳೆ, ಆದರೆ ಅವನಿಗೆ ಆಗಾಗ ಪಟ್ಟಣದಲ್ಲಿ ‘ಕೆಲಸ’ ಇರುತ್ತದೆ. ಕೆಲಸ ಎಂದರೆ ನಾಟ್ಯದ ಕ್ಲಬ್ಬು. ಅಲ್ಲಿ ಕುಣಿಯುವವಳು ಒಬ್ಬ ಏರೋಪ್ಲೇನ್ ಚಿಟ್ಟೆ. ಅವಳ ಮೇಲೆ ಮಿಡತೆಯೊಂದಕ್ಕೂ ಮನಸ್ಸಿದೆ. ದುಂಬಿ ಆ ಮಿಡತೆಯನ್ನು ಬಡಿದು ಬದಿಗೆ ತಳ್ಳಿ ಚಿಟ್ಟೆಯನ್ನು ಕರೆದುಕೊಂಡು ಹೊರಡುತ್ತಾನೆ. ಪೆಟ್ಟು ತಿಂದ ಮಿಡತೆ ವೃತ್ತಿಯಿಂದ ಸಿನಿಮಾ ಕ್ಯಾಮೆರಾದವನು ಎಂಬುದೊಂದು ದುಂಬಿರಾಯನಿಗೆ ತಿಳಿದಿರಲಿಲ್ಲ.

ಮಿಡತೆ ಸೈಕಲ್ ಹತ್ತಿ ಜೋಡಿಯ ಬೆನ್ನು ಹತ್ತುತ್ತದೆ. (ಮಿಡತೆ ಸೈಕಲ್ ತುಳಿಯುವ ಆ ಕೆಲವು ಕ್ಷಣಗಳಿಗಾಗಿಯೇ ನಾನು ಈ ಚಿತ್ರವನ್ನು ಲೆಕ್ಕವಿಲ್ಲದಷ್ಟು ಸಲ ನೋಡಿದ್ದೇನೆ.) ಜೋಡಿ ಹೋಟೆಲಿನ ಕೋಣೆ ಸೇರುತ್ತದೆ. ಮಿಡತೆ ಮೂರು ಕಾಲಿನ ಸ್ಟ್ಯಾಂಡ್ ಊರಿ, ಬೀಗದ ಕಿಂಡಿಗೆ ಕ್ಯಾಮೆರಾ ಹಚ್ಚಿ ಹಿಡಿಕೆ ತಿರುಗಿಸುತ್ತದೆ.

ಇತ್ತ ಮನೆಯಲ್ಲಿ ಹೆಂಡತಿಯೂ ಸುಮ್ಮನೆ ಕೂತಿಲ್ಲ. ಅವಳಿಗೊಬ್ಬ ಚಿತ್ರಕಾರ ಗೆಳೆಯನಿದ್ದಾನೆ, ಅವನು ಚಿತ್ರಪಟವೊಂದನ್ನು ಉಡುಗೊರೆ ಹಿಡಿದುಕೊಂಡು ಬಂದಿದ್ದಾನೆ. ಅಷ್ಟರಲ್ಲಿ ಗಂಡ ಬಾಗಿಲು ಬಡಿಯುತ್ತಾನೆ. ಚಿತ್ರಕಾರ ಹೊಗೆಗೂಡಿನೊಳಗೆ ನುಗ್ಗಿ ಪಾರಾಗುತ್ತಾನೆ. ತಾನು ಕಳ್ಳ, ಪರರ ನಂಬ ಎಂಬಂತೆ ಗಂಡ ಮನೆ ಹಾರಿಹೋಗುವ ಹಾಗೆ ಕೂಗಾಡಿ ಆ ಚಿತ್ರಪಟವನ್ನು ಹೆಂಡತಿಯ ತಲೆಯ ಮೇಲೇ ಒಡೆಯುತ್ತಾನೆ. ಆಮೇಲೆ ದೊಡ್ಡ ಮನಸ್ಸು ಮಾಡಿ ಕ್ಷಮಿಸಿ, ಸಮಾಧಾನಕ್ಕೆಂದು ಬಯಲು ಚಿತ್ರಮಂದಿರಕ್ಕೆ ಕರೆದೊಯ್ಯುತ್ತಾನೆ.

ಅಲ್ಲಿ ಪ್ರೊಜೆಕ್ಟರ್ ನಡೆಸುತ್ತಿರುವುದು ಯಾರು? ಅದೇ ಮಿಡತೆ. ತೆರೆಯ ಮೇಲೆ ಬರುವುದೇನು? ಹೋಟೆಲಿನ ಕೋಣೆ. ಹೆಂಡತಿ ಕೊಡೆ ಎತ್ತಿಕೊಂಡು ಬಾರಿಸುತ್ತಾಳೆ. ದುಂಬಿರಾಯ ತೆರೆಯನ್ನೇ ಹರಿದುಕೊಂಡು ನುಗ್ಗಿ, ಪ್ರೊಜೆಕ್ಟರಿನ ಗೂಡಿಗೆ ಹೋಗಿ ಮಿಡತೆಯ ಮೇಲೆ ಬೀಳುತ್ತಾನೆ, ಗೂಡಿಗೆ ಬೆಂಕಿ ಹತ್ತುತ್ತದೆ. ಕೊನೆಯ ದೃಶ್ಯದಲ್ಲಿ ಗಂಡ ಹೆಂಡತಿ ಇಬ್ಬರೂ ಸೆರೆಮನೆಯಲ್ಲಿ. ಗಂಡ ಹೆಂಡಿರ ಜಗಳ ಉಂಡು ಮಲಗುವ ತನಕ ಎನ್ನುತ್ತಾರೆ, ಇವರದು ಉಣ್ಣುವುದಕ್ಕೂ ಮಲಗುವುದಕ್ಕೂ ಸರ್ಕಾರವೇ ಏರ್ಪಾಡು ಮಾಡುವ ತನಕ ಬಂತು.

ಗಂಡ, ಹೆಂಡತಿ, ಇನ್ನೊಬ್ಬಳು. ಹಳಸಲು ಕಥೆಯಲ್ಲವೇ?

ಹಳಸಲೇ. ಅದು ಉದ್ದೇಶಪೂರ್ವಕ. ಮುರಿದ ಸಂಸಾರ, ಮರೆಯ ಪ್ರಣಯ, ಬಾಗಿಲ ಹಿಂದೆ ಅಡಗುವ ಪ್ರಿಯಕರ: ಆ ಕಾಲದ ರಂಗಭೂಮಿ ಮತ್ತು ಸಿನಿಮಾ ಕಣ್ಣೀರಿನೊಂದಿಗೆ ತೋರಿಸುತ್ತಿದ್ದ ಸರಕು ಇದು. ಅದೇ ಸರಕನ್ನು ಆರು ಕಾಲಿನವರ ಕೈಗೆ ಕೊಟ್ಟ ಕೂಡಲೇ ಅಳು ನಗುವಾಯಿತು. ದುಂಬಿ ಎದೆಯ ಮೇಲೆ ಕಾಲಿಟ್ಟು ಪ್ರೇಮ ನಿವೇದಿಸುವುದನ್ನು ನೋಡಿದ ಮೇಲೆ ನಟರು ಅದನ್ನೇ ಮಾಡಿದಾಗ ಗಂಭೀರವಾಗಿ ಕೂರುವುದು ಕಷ್ಟ.

ಆದರೆ ನನ್ನನ್ನು ಹಿಡಿದಿಟ್ಟಿರುವುದು ಈ ಅಣಕವಲ್ಲ. ಸಿನಿಮಾ ಹುಟ್ಟಿ ಇನ್ನೂ ಇಪ್ಪತ್ತು ವರ್ಷ ತುಂಬಿರಲಿಲ್ಲ. ಲೂಮಿಯೇರ್ ಸಹೋದರರು ಪ್ಯಾರಿಸ್ಸಿನಲ್ಲಿ ಟಿಕೆಟ್ ಇಟ್ಟು ಪ್ರದರ್ಶನ ಮಾಡಿದ್ದು 1895ರ ಡಿಸೆಂಬರಿನಲ್ಲಿ. ಅಷ್ಟರೊಳಗೆ ಒಬ್ಬ ಮನುಷ್ಯ ಕ್ಯಾಮೆರಾದ ಗುಣವನ್ನು ಹೀಗೆ ಅರ್ಥಮಾಡಿಕೊಂಡಿದ್ದ: ಇದು ನೋಡುತ್ತದೆ, ನೋಡಿದ್ದನ್ನು ಇಟ್ಟುಕೊಳ್ಳುತ್ತದೆ, ಮತ್ತು ಇಟ್ಟುಕೊಂಡಿದ್ದನ್ನು ನಾಲ್ಕು ಜನರ ಮುಂದೆ ತೆಗೆದು ತೋರಿಸುತ್ತದೆ. ಮಿಡತೆ ತಿರುಗಿ ಹೊಡೆಯುವುದಿಲ್ಲ, ಬೈಯುವುದೂ ಇಲ್ಲ. ಹಿಡಿಕೆ ತಿರುಗಿಸುತ್ತದೆ, ಅಷ್ಟೇ. ಇಂದು ಯಾರದೋ ಖಾಸಗಿ ವೀಡಿಯೊ ಊರೆಲ್ಲ ಹರಿದಾಡಿತು ಎಂಬ ಸುದ್ದಿ ಓದಿದಾಗ ನನಗೆ ಮೊದಲು ನೆನಪಾಗುವುದು ಬೀಗದ ಕಿಂಡಿಗೆ ಬಾಗಿ ನಿಂತ ಆ ಮಿಡತೆ. ಮಿಡತೆಯ ಪಕ್ಷ ವಹಿಸಿ ನಕ್ಕವರಿಗೆ ಎರಡನೆಯ ಸಲ ನೋಡುವಾಗ ಸ್ವಲ್ಪ ಮುಜುಗರವಾಗುವುದೂ ಇದರಿಂದಲೇ. ನನಗಂತೂ ಆಯಿತು.

ಚಿತ್ರಮಂದಿರದ ದೃಶ್ಯವನ್ನು ಗಮನಿಸಿ. ತೆರೆಯ ಮೇಲಿನ ದುಂಬಿ ಯಾರೆಂದು ನೆರೆದ ಹುಳುಗಳಿಗೆ ಗೊತ್ತಾಗದೆಯೂ ಹೋಗಬಹುದಿತ್ತು. ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿಕೊಂಡವನ ಹಾಗೆ ದುಂಬಿರಾಯ ತಾನೇ ಎದ್ದು ತೆರೆ ಹರಿದು ಹೊರಬಂದು ಗುರುತು ಕೊಡುತ್ತಾನೆ.

ಆಗಿನ ಜನ ಇದನ್ನು ನೋಡಿ ಏನೆಂದರು?

ಸ್ಟಾರೆವಿಚ್ ಅವರ ಇದೇ ಕಾಲದ ಇನ್ನೊಂದು ಚಿತ್ರವಿದೆ, ದುಂಬಿಗಳ ರಾಜ್ಯದಲ್ಲಿ ಸುಂದರಿಯೊಬ್ಬಳಿಗಾಗಿ ನಡೆಯುವ ಯುದ್ಧದ್ದು. ಅದನ್ನು ನೋಡಿದ ಲಂಡನ್ನಿನ ಪತ್ರಕರ್ತರು, ಯಾರೋ ರಷ್ಯನ್ ವಿಜ್ಞಾನಿ ಜೀವಂತ ಹುಳುಗಳಿಗೆ ತರಬೇತಿ ಕೊಟ್ಟಿದ್ದಾನೆ ಎಂದು ಬರೆದರಂತೆ. ನಗಬೇಡಿ. ಅವರಿಗೆ ಈ ತಂತ್ರವನ್ನು ಹೇಳಿಕೊಟ್ಟವರು ಯಾರಿದ್ದರು? ನನ್ನ ಪರಿಚಯದ ಒಬ್ಬ ಹುಡುಗ ಇದನ್ನು ಕಂಪ್ಯೂಟರ್ ಗ್ರಾಫಿಕ್ಸ್ ಎಂದು ಹಟ ಹಿಡಿದಿದ್ದ, 1912 ಎಂದು ಮೂರು ಸಲ ಹೇಳಬೇಕಾಯಿತು.

ಎಷ್ಟು ಫ್ರೇಮ್ ಆಗಬಹುದು?

ಸೆಕೆಂಡಿಗೆ 16 ಫ್ರೇಮಿನಂತೆ 12 ನಿಮಿಷಕ್ಕೆ 11,520. ಒಂದೊಂದು ಭಂಗಿಗೆ ಎರಡೆರಡು ಫ್ರೇಮ್ ಹಿಡಿದರೂ ಐದು ಸಾವಿರ ಮೀರುತ್ತದೆ. ಒಂದು ಭಂಗಿ ಎಂದರೆ ಒಂದು ಕಾಲಲ್ಲ. ಎದುರಾಳಿಗಳಿಬ್ಬರಾದರೆ ಹನ್ನೆರಡು ಕಾಲು, ನಾಲ್ಕು ಮೀಸೆ. ಯಾವ ಕಾಲು ಎಷ್ಟು ಸರಿದಿತ್ತು ಎಂಬುದನ್ನು ನೆನಪಿನಲ್ಲಿಡಬೇಕು, ಏಕೆಂದರೆ ತೆಗೆದದ್ದನ್ನು ಕೂಡಲೇ ನೋಡಿಕೊಳ್ಳುವ ಸೌಕರ್ಯ ಆಗ ಇರಲಿಲ್ಲ. ಫಿಲ್ಮ್ ಸಂಸ್ಕರಣೆಯಾಗಿ ಬಂದ ಮೇಲೆಯೇ ತಪ್ಪು ತಿಳಿಯುವುದು.

ಜಗತ್ತಿನ ಮೊದಲ ಅನಿಮೇಷನ್ ಚಿತ್ರ ಇದೇ ತಾನೇ?

ಅಲ್ಲ. ಅಮೆರಿಕದಲ್ಲಿ ಸ್ಟುವರ್ಟ್ ಬ್ಲ್ಯಾಕ್ಟನ್ 1906ರಲ್ಲೂ ಫ್ರಾನ್ಸಿನಲ್ಲಿ ಎಮಿಲ್ ಕೋಲ್ 1908ರಲ್ಲೂ ಬರೆದ ಚಿತ್ರಗಳನ್ನು ಓಡಾಡಿಸಿದ್ದರು. ಕೋಲ್ ಬೆಂಕಿಕಡ್ಡಿಗಳನ್ನು ಕುಣಿಸಿದ ಚಿತ್ರವೇ ಸ್ಟಾರೆವಿಚ್‌ಗೆ ದಾರಿ ತೋರಿತು ಎನ್ನುತ್ತಾರೆ. ‘ಹಾಗಾದರೆ ಬೊಂಬೆ ಅನಿಮೇಷನ್ನಿನಲ್ಲಾದರೂ ಮೊದಲನೆಯವರೇ?’ ಎಂದು ಕೇಳುವವರುಂಟು. ಬಹುಕಾಲ ಹಾಗೆಯೇ ನಂಬಲಾಗಿತ್ತು. ಆಮೇಲೆ ಸೇಂಟ್ ಪೀಟರ್ಸ್‌ಬರ್ಗಿನ ಬ್ಯಾಲೆ ನರ್ತಕ ಅಲೆಕ್ಸಾಂದ್ರ್ ಶಿರ್ಯಾಯೆವ್ ಅದಕ್ಕೂ ಮುಂಚೆ ನೃತ್ಯದ ಹೆಜ್ಜೆಗಳಿಗಾಗಿ ಬೊಂಬೆಗಳನ್ನು ಹೀಗೆಯೇ ಚಿತ್ರಿಸಿಟ್ಟಿದ್ದು ಬೆಳಕಿಗೆ ಬಂತು. ಮೊದಲಿಗ ಯಾರೆಂಬ ಈ ಪಂದ್ಯದಲ್ಲಿ ನನಗೆ ಅಂಥ ಉತ್ಸಾಹವಿಲ್ಲ.

ಆ ಹೊತ್ತಿಗೆ ನಮ್ಮಲ್ಲಿ ಏನು ನಡೆಯುತ್ತಿತ್ತು?

ಒಂದು ಸೊಗಸಾದ ಕಾಕತಾಳೀಯ. ಅದೇ 1912ರಲ್ಲಿ ದಾದಾಸಾಹೇಬ ಫಾಲ್ಕೆ ಲಂಡನ್ನಿನಿಂದ ಕ್ಯಾಮೆರಾ ತಂದು, ಕಾಳೊಂದು ಮೊಳೆತು ಬಟಾಣಿ ಗಿಡವಾಗುವುದನ್ನು ಬಿಟ್ಟು ಬಿಟ್ಟು ಫ್ರೇಮ್ ಹಿಡಿದು ಚಿತ್ರಿಸಿದರು. ಬಂಡವಾಳ ಹಾಕುವವರನ್ನು ಒಪ್ಪಿಸಲು ಮಾಡಿದ ಕೈಚಳಕ ಅದು. ‘ರಾಜಾ ಹರಿಶ್ಚಂದ್ರ’ ತೆರೆಕಂಡದ್ದು 1913ರ ಮೇ 3ರಂದು, ಅಂದರೆ ನಮ್ಮ ದುಂಬಿರಾಯ ಹರಿಶ್ಚಂದ್ರನಿಗಿಂತ ಹಿರಿಯ. ಸುಳ್ಳಾಡುವವನು ಸತ್ಯವಂತನಿಗಿಂತ ಮೊದಲು ತೆರೆಗೆ ಬಂದ. 1915ರಲ್ಲಿ ಫಾಲ್ಕೆ ಕೂಡ ಬೆಂಕಿಕಡ್ಡಿಗಳನ್ನು ಕುಣಿಸಿ ಒಂದು ಕಿರುಚಿತ್ರ ಮಾಡಿದರು. ಕನ್ನಡ ಸಿನಿಮಾ ಮಾತಾಡಲು 1934ರ ‘ಸತಿ ಸುಲೋಚನ’ ಬರಬೇಕಾಯಿತು.

ಹುಳುಗಳಿಗೆ ಇದು ಹಿಂಸೆಯಲ್ಲವೇ?

ದೀಪದ ಕಾವಿಗೆ ಸತ್ತವುಗಳ ಮಟ್ಟಿಗೆ ಹೌದು ಎನ್ನಬೇಕು. ಇಂದು ನಮ್ಮ ಚಿತ್ರಗಳಲ್ಲಿ ಪ್ರಾಣಿಗಳನ್ನು ಬಳಸಲು ಭಾರತೀಯ ಪ್ರಾಣಿ ಕಲ್ಯಾಣ ಮಂಡಳಿಯ ಅನುಮತಿ ಬೇಕು, ಆಗ ಅಂಥ ಕಲ್ಪನೆಯೇ ಇರಲಿಲ್ಲ. ಆ ಸಾರಂಗ ಕೊಂಬಿನ ದುಂಬಿಗೆ ಈಗ ಯುರೋಪಿನಲ್ಲಿ ಕಾನೂನಿನ ರಕ್ಷಣೆಯಿದೆ. ಅದರ ಮರಿಹುಳು ಕೊಳೆತ ಮರದೊಳಗೆ ವರ್ಷಗಟ್ಟಲೆ ಇರುತ್ತದೆ, ರೆಕ್ಕೆ ಬಂದ ಮೇಲೆ ಬದುಕುವುದು ಒಂದು ಬೇಸಿಗೆಯಷ್ಟೇ. ಕಾಡು ಚೊಕ್ಕಟ ಮಾಡುತ್ತೇವೆಂದು ಒಣಮರ, ಬುಡಗಳನ್ನೆಲ್ಲ ಕಿತ್ತೊಗೆದದ್ದೇ ಅದಕ್ಕೆ ಕುತ್ತಾಯಿತು. ಅದರ ಮುಂದೆ ಸ್ಟಾರೆವಿಚ್ ಕೊಂದದ್ದು ಲೆಕ್ಕಕ್ಕೆ ಸಿಗದಷ್ಟು.

ಕೊನೆಯಲ್ಲಿ ಪ್ರೊಜೆಕ್ಟರಿಗೆ ಬೆಂಕಿ ಹತ್ತುವುದು ಅತಿಯಾಯಿತಲ್ಲ?

ಇಲ್ಲ, ಇಡೀ ಚಿತ್ರದಲ್ಲಿ ಅತ್ಯಂತ ವಾಸ್ತವವಾದ ಘಟನೆ ಅದೇ. ಆಗಿನ ಫಿಲ್ಮ್ ಸುರುಳಿ ನೈಟ್ರೇಟಿನದು. ಒಮ್ಮೆ ಹತ್ತಿಕೊಂಡರೆ ಉರಿಯಲು ಬೇಕಾದ ಆಮ್ಲಜನಕವನ್ನು ತಾನೇ ಬಿಡುತ್ತಿತ್ತು, ನೀರಿನಲ್ಲಿ ಮುಳುಗಿಸಿದರೂ ಆರುತ್ತಿರಲಿಲ್ಲ. ಪ್ರೊಜೆಕ್ಟರಿನ ದೀಪದ ಮುಂದೆ ಸುರುಳಿ ಸ್ವಲ್ಪ ಹೊತ್ತು ಸಿಕ್ಕಿ ನಿಂತರೂ ಸಾಕಿತ್ತು. ಪ್ರೊಜೆಕ್ಟರ್ ಕೋಣೆಗೆ ದಪ್ಪ ಗೋಡೆ, ಕಬ್ಬಿಣದ ಕಿಟಕಿ ಮುಚ್ಚಳ ಬಂದದ್ದು ಈ ಭಯದಿಂದ. 1950ರ ದಶಕದ ಆರಂಭದವರೆಗೂ ಈ ಫಿಲ್ಮ್ ಬಳಕೆಯಲ್ಲಿತ್ತು. ಮೂಕಿ ಯುಗದ ಚಿತ್ರಗಳಲ್ಲಿ ಎಷ್ಟೋ ಬೂದಿಯಾದದ್ದಕ್ಕೂ ಇದೇ ಕಾರಣ. ಬೆಂಕಿಯಲ್ಲಿ ಮುಗಿಯುವ ಈ ಚಿತ್ರ ಮಾತ್ರ ಉಳಿದುಕೊಂಡಿತು.

ಮಕ್ಕಳಿಗೆ ತೋರಿಸಬಹುದೇ?

ಕಣ್ಣು ಮುಚ್ಚಿಸಬೇಕಾದ್ದು ಏನೂ ಇಲ್ಲ. ‘ಅವರು ಹೋಟೆಲಿಗೆ ಯಾಕೆ ಹೋದರು?’ ಎಂಬ ಪ್ರಶ್ನೆ ಬಂದೇ ಬರುತ್ತದೆ. ದೋಸೆ ತಿನ್ನಲು ಎಂದುಬಿಡಿ.

ಎಲ್ಲಿ ಸಿಗುತ್ತದೆ? ಯಾವ ಪ್ರತಿ ನೋಡುವುದು?

ಹಕ್ಕುಸ್ವಾಮ್ಯದ ಅವಧಿ ಮುಗಿದಿರುವುದರಿಂದ ಅಂತರ್ಜಾಲದಲ್ಲಿ ಉಚಿತವಾಗಿ ನೋಡಲು ಸಿಗುತ್ತದೆ. ಚಿತ್ರದ ಹೆಸರನ್ನೋ ಸ್ಟಾರೆವಿಚ್ ಹೆಸರನ್ನೋ ಕೊಟ್ಟು ಹುಡುಕಿ. ಅವರ ಹೆಸರನ್ನು ಪೋಲಿಷ್, ರಷ್ಯನ್, ಫ್ರೆಂಚ್ ರೀತಿಗಳಲ್ಲಿ ಬೇರೆ ಬೇರೆಯಾಗಿ ಬರೆಯುತ್ತಾರೆ, ಗಾಬರಿಯಾಗಬೇಡಿ. ಪ್ರತಿಯಿಂದ ಪ್ರತಿಗೆ ಉದ್ದದಲ್ಲೂ ನಡುನಡುವೆ ಬರುವ ಬರಹಗಳಲ್ಲೂ ವ್ಯತ್ಯಾಸವಿದೆ. ಕೇಳಿಬರುವ ಸಂಗೀತವನ್ನು ಅವರವರು ಆಮೇಲೆ ಸೇರಿಸಿದ್ದಾರೆ. ನಾನು ಸದ್ದು ಅಡಗಿಸಿಯೇ ನೋಡುತ್ತೇನೆ. ಆಗ ಹುಳುಗಳ ಮೀಸೆಯ ಅಲುಗಾಟವೂ ಕಣ್ಣಿಗೆ ಬೀಳುತ್ತದೆ.

ಸ್ಟಾರೆವಿಚ್ ಆಮೇಲೆ ಏನಾದರು?

ಕ್ರಾಂತಿಯ ನಂತರ ರಷ್ಯಾ ಬಿಟ್ಟು ಫ್ರಾನ್ಸ್ ಸೇರಿದರು. ಪ್ಯಾರಿಸ್ ಬಳಿಯ ಫೋಂತನೆ-ಸು-ಬ್ವಾದಲ್ಲಿ ಮನೆಯನ್ನೇ ಸ್ಟುಡಿಯೋ ಮಾಡಿಕೊಂಡರು. ಹೆಂಡತಿ ಆನಾ ಬೊಂಬೆಗಳಿಗೆ ಬಟ್ಟೆ ಹೊಲಿದರು, ಹಿರಿಯ ಮಗಳು ಐರೀನ್ ಜೊತೆಗಾರ್ತಿಯಾಗಿ ದುಡಿದರು, ಕಿರಿಯ ಮಗಳು ಚಿತ್ರಗಳಲ್ಲಿ ನಟಿಸಿದಳು. ಕುಶಲಕರ್ಮಿಯ ಮನೆ ಇರಬೇಕಾದದ್ದು ಹಾಗೆಯೇ, ಎಲ್ಲರ ಕೈಗೂ ಕೆಲಸ. ಒಣಹುಳುಗಳ ಜಾಗಕ್ಕೆ ಅವರೇ ಮಾಡಿದ ಬೊಂಬೆಗಳು ಬಂದವು. ಕುತಂತ್ರಿ ನರಿಯ ಕಥೆಯನ್ನು ಪೂರ್ಣಪ್ರಮಾಣದ ಚಿತ್ರ ಮಾಡಿದರು. ಚಿತ್ರೀಕರಣ 1930ರ ಸುಮಾರಿಗೆ ಮುಗಿದರೂ ಧ್ವನಿ ಕೂಡಿಸುವ ತೊಡಕಿನಿಂದ ಬರ್ಲಿನ್ನಿನಲ್ಲಿ ತೆರೆಕಾಣಲು 1937 ಬಂತು. ಅವರು ತೀರಿಕೊಂಡದ್ದು 1965ರಲ್ಲಿ.

ಇದು ಇಷ್ಟವಾಯಿತು. ಮುಂದೆ ಅವರದೇ ಯಾವುದನ್ನು ನೋಡಲಿ?

1933ರ ‘ಫೆಟಿಷ್’ ಎಂಬುದನ್ನು. ಕಾಯಿಲೆ ಬಿದ್ದ ಪುಟ್ಟ ಹುಡುಗಿ ಕಿತ್ತಳೆ ಹಣ್ಣು ಬೇಕು ಎನ್ನುತ್ತಾಳೆ, ಅಮ್ಮನ ಬಳಿ ದುಡ್ಡಿಲ್ಲ. ಅಮ್ಮ ಹೊಲಿದ ಬಟ್ಟೆಯ ನಾಯಿಮರಿಯೊಂದು ಆ ಹಣ್ಣು ಹುಡುಕಿಕೊಂಡು ರಾತ್ರಿ ಊರಿಗೆ ಹೊರಡುತ್ತದೆ. ಮೊದಲರ್ಧವನ್ನು ಮಕ್ಕಳು ನಗುತ್ತ ನೋಡುತ್ತಾರೆ. ಸೈತಾನ ಕಸದ ರಾಶಿಯಿಂದ ಅತಿಥಿಗಳನ್ನು ಎಬ್ಬಿಸಿ ಔತಣಕ್ಕೆ ಕೂರಿಸುವ ಹೊತ್ತಿಗೆ ಪಕ್ಕದಲ್ಲಿ ನೀವು ಕುಳಿತಿರುವುದು ಒಳ್ಳೆಯದು.